ಆ ಕಾಲ್‌ಗೆ ಬೇರೆ ದುಡ್ಡು ಕೊಡಬೇಕಿತ್ತು

ಬಳ್ಳಾರಿಯಲ್ಲಿ ಹೋಟೆಲ್, ಬೇಕರಿ ಇಟ್ಟುಕೊಂಡ ನಮ್ಮವರಿಗೆ ರಾತ್ರಿ ಬಾಗಿಲು ಹಾಕಿದ ಮೇಲೆ ಮೊದಲ ಕೆಲಸ ಊರಿಗೋ ಗಲ್ಫಿಗೋ ಕಾಲ್ ಮಾಡುವುದು. ಸಿರುಗುಪ್ಪ, ಕುರುಗೋಡಿನಲ್ಲೂ ಅಷ್ಟೇ. ಆ ಕಾಲ್‌ಗೆ ಡಾಟಾ ಬಿಟ್ಟು ಬೇರೆಯೇ ದುಡ್ಡು ಕೀಳಲು ಹೊರಟಿದ್ದರು, ನೆನಪುಂಟಾ?

2014ರ ಡಿಸೆಂಬರಿನಲ್ಲಿ ಏರ್‌ಟೆಲ್ ಇಂಟರ್ನೆಟ್ ಕರೆಗೆ ಪ್ರತ್ಯೇಕ ದರ ಘೋಷಿಸಿ, ವಿರೋಧ ಬಂದ ಮೇಲೆ ಹಿಂದೆ ಸರಿಯಿತು. ಮರುವರ್ಷ ಟ್ರಾಯ್ ಜನರ ಅಭಿಪ್ರಾಯ ಕೇಳಿತು. ಕಡತ ನೂರಕ್ಕೂ ಹೆಚ್ಚು ಪುಟ, ಅದೂ ಇಂಗ್ಲಿಷಿನಲ್ಲಿ. ಯಾರು ಓದ್ತಾರೆ ಮಾರಾಯ್ರೆ? ಓದಿದವರಲ್ಲೊಬ್ಬರು ನಿಖಿಲ್ ಪಹ್ವಾ. 2008ರಲ್ಲಿ ಮೀಡಿಯಾನಾಮಾ ಆರಂಭಿಸಿ ಟೆಲಿಕಾಂ ಸುದ್ದಿ ಬರೆಯುತ್ತಿದ್ದ ಪತ್ರಕರ್ತ. ಬರೆದರಷ್ಟೇ ಸಾಲದೆಂದು ಗೆಳೆಯರ ಜೊತೆ 'ಸೇವ್ ದಿ ಇಂಟರ್ನೆಟ್' ಅಭಿಯಾನಕ್ಕೆ ಇಳಿದರು. ಟ್ರಾಯ್‌ಗೆ ಹತ್ತು ಲಕ್ಷಕ್ಕೂ ಹೆಚ್ಚು ಇಮೇಲ್ ಹೋದವು. 2016ರ ಫೆಬ್ರವರಿ 8ರಂದು ಟ್ರಾಯ್, ತಾಣಕ್ಕೊಂದು ದರ ಎಂಬ ತಾರತಮ್ಯವನ್ನೇ ನಿಷೇಧಿಸಿತು. ಕೆಲವೇ ತಾಣಗಳನ್ನು ಪುಕ್ಕಟೆ ಕೊಡುತ್ತೇನೆಂದು ಬಂದಿದ್ದ ಫೇಸ್‌ಬುಕ್‌ನ 'ಫ್ರೀ ಬೇಸಿಕ್ಸ್' ಅದೇ ತಿಂಗಳು ಗಂಟುಮೂಟೆ ಕಟ್ಟಿತು.

ಪತ್ರಕರ್ತ ಚಳವಳಿಗೆ ಇಳಿಯಬಾರದು ಎನ್ನುವವರಿದ್ದಾರೆ. ಆ ಮಾತು ತೀರಾ ಸುಳ್ಳೂ ಅಲ್ಲ. ಆದರೆ ಕಡತದ ಭಾಷೆ ಅರ್ಥವಾದವನೇ ಸುಮ್ಮನೆ ಕೂತರೆ ಉಳಿದವರಿಗೆ ಹೇಳುವುದು ಯಾರು?

ದುಬೈಯಲ್ಲಿ ವಾಟ್ಸಾಪ್ ಕಾಲ್ ಹೋಗದ ಕಷ್ಟ ನಮ್ಮ ಮನೆಗಳಿಗೆ ಹೊಸತಲ್ಲ. ಇಂಜಿನಿಯರಿಂಗ್, ಲಾ ಓದಿದ ನಮ್ಮ ಮಕ್ಕಳಲ್ಲಿ ಒಬ್ಬರಾದರೂ ಇಂಥ ಕಡತ ಓದಿ, ಜುಮಾ ಮುಗಿದ ಮೇಲೆ ಹತ್ತು ನಿಮಿಷ ಬ್ಯಾರಿಯಲ್ಲಿ ವಿವರಿಸಲಿ. ಅಲ್ಲಿವರೆಗೆ, ಸ್ಕಾಲರ್‌ಶಿಪ್ಪಿಗೆಂದು ಹೆಣ್ಣುಮಕ್ಕಳ ಆಧಾರ್ ಕಾರ್ಡಿನ ಫೋಟೋ ಗ್ರೂಪಿಗೆ ಹಾಕುವುದನ್ನಾದರೂ ನಿಲ್ಲಿಸುವ.