ನಾಲೆಗೆ ಹೋಗೋ ಜಮೀನಿನ ರೇಟು ಬರೆದವರು ನಾವೇ

ಎರಡು ವಾರದಿಂದ ತೋಟದ ವಿಷಯ ಬರೆದಿಲ್ಲ. ನಾಲೆ ಸರ್ವೆ ನಮ್ಮೂರಿಗೆ ಬಂದ ಮೇಲೆ ಪಹಣಿ, ಕ್ರಯಪತ್ರ ಹಿಡ್ಕೊಂಡು ಆಫೀಸಿಗೆ ಓಡಾಡೋದೇ ಆಗಿದೆ. ಅಲ್ಲಿ ಕಂಡದ್ದನ್ನ ಬರೀತೀನಿ. ಸ್ವಲ್ಪ ಉದ್ದ ಇದೆ, ಪೂರ್ತಿ ಓದಿ.

ನಂದು 2 ಎಕರೆ 10 ಗುಂಟೆ. ಅದರಲ್ಲಿ 22 ಗುಂಟೆ, 24 ತೆಂಗಿನ ಮರ ನಾಲೆಗೆ ಹೋಗ್ತವೆ. ಬೋರು ಈ ಕಡೆ ಉಳೀತದೆ, 15 ಗುಂಟೆ ಆ ಕಡೆ ಉಳೀತದೆ. ನೀರು ಬೇಕು ಅಂತ ಧರಣಿ ಕೂತವರು ನಾವೇ, ಈಗ ನಾಲೆ ಬೇಡ ಅನ್ನಲ್ಲ. ತಕರಾರು ಇರೋದು ರೇಟಿಂದು.

ಈಗ ನಡೆಯೋದು 2013ರ ಭೂಸ್ವಾಧೀನ ಕಾಯ್ದೆ. ಅದರ 26ನೇ ಸೆಕ್ಷನ್ ಪ್ರಕಾರ ಎರಡು ಲೆಕ್ಕ ನೋಡ್ತಾರೆ. ಒಂದು, ಸಬ್ ರಿಜಿಸ್ಟ್ರಾರ್ ಆಫೀಸಿನ ಗೈಡೆನ್ಸ್ ವ್ಯಾಲ್ಯೂ. ಇನ್ನೊಂದು, ಹಿಂದಿನ 3 ವರ್ಷದಲ್ಲಿ ಅಕ್ಕಪಕ್ಕ ಅಂಥದೇ ಜಮೀನು ಮಾರಿದ ಕ್ರಯಪತ್ರಗಳು. ಅದರಲ್ಲೂ ಹೆಚ್ಚು ರೇಟಿನ ಅರ್ಧದಷ್ಟು ಪತ್ರ ಮಾತ್ರ ತಗೊಂಡು ಸರಾಸರಿ ಹಾಕಬೇಕು. ಎರಡರಲ್ಲಿ ಯಾವುದು ಜಾಸ್ತಿಯೋ ಅದು. ಹಳ್ಳಿ ಜಮೀನಾದರೆ ಪಟ್ಟಣದಿಂದ ಎಷ್ಟು ದೂರ ಅಂತ ನೋಡಿ 1ರಿಂದ 2ರವರೆಗೆ ಗುಣಿಸ್ತಾರೆ. ಮರ, ಬೋರಿನ ಬೆಲೆ ಸೇರಿಸ್ತಾರೆ. ಬಂದ ಮೊತ್ತಕ್ಕೆ ಅಷ್ಟೇ ಸೊಲೇಶಿಯಂ, ಅಂದ್ರೆ ನೂರಕ್ಕೆ ನೂರು.

ಕೇಳೋಕೆ ಚೆನ್ನಾಗೇ ಇದೆ. ಆದ್ರೆ ನಮ್ಮೂರಲ್ಲಿ 3 ವರ್ಷದಲ್ಲಿ ಆದ ಕ್ರಯಪತ್ರ ಎಂಟು. ಎಂಟರಲ್ಲೂ ಎಕರೆಗೆ 8 ಲಕ್ಷ, ಅಂದ್ರೆ ಗೈಡೆನ್ಸ್ ವ್ಯಾಲ್ಯೂ ಎಷ್ಟೋ ಅಷ್ಟೇ. ಕೈ ಬದಲಾದ ದುಡ್ಡು 20 ಲಕ್ಷ ಅಂತ ಊರಿಗೆಲ್ಲ ಗೊತ್ತು. ಮೇಲಿನ ನಾಲ್ಕು ಪತ್ರ ತಗೊಂಡ್ರೂ ಅಷ್ಟೇ, ಕೆಳಗಿನ ನಾಲ್ಕು ತಗೊಂಡ್ರೂ ಅಷ್ಟೇ. ಕಾನೂನು ಕೊಟ್ಟ ಅನುಕೂಲವನ್ನ ನಾವೇ ಅಳಿಸಿ ಹಾಕಿದ್ದೀವಿ.

ಆ ಎಂಟರಲ್ಲಿ ಒಂದು ನಂದೇ. ಮಗಳ ಮದುವೆಗೆ 20 ಗುಂಟೆ ಮಾರಿದ್ದೆ. ಕೈಗೆ ಬಂದದ್ದು 10 ಲಕ್ಷ, ಪತ್ರದಲ್ಲಿ ಬರೆಸಿದ್ದು 4 ಲಕ್ಷ. ಅದರಿಂದ ಸ್ಟ್ಯಾಂಪು, ನೋಂದಣಿಯಲ್ಲಿ ಐವತ್ತು ಸಾವಿರವೂ ಉಳಿಯಲಿಲ್ಲ. ಉಳಿದದ್ದೂ ತಗೊಂಡವರಿಗೆ, ನನಗಲ್ಲ. ಈಗ ಲೆಕ್ಕ ಹಾಕಿ. 2ರಿಂದ ಗುಣಿಸಿದ್ರೆ, ಮರ ಬಿಟ್ಟು, ನನ್ನ 22 ಗುಂಟೆಗೆ 8 ಲಕ್ಷದ ರೇಟಲ್ಲಿ ಸಿಗೋದು 17 ಲಕ್ಷ 60 ಸಾವಿರ. 20 ಲಕ್ಷದ ರೇಟಾಗಿದ್ರೆ 44 ಲಕ್ಷ. ಪತ್ರದಲ್ಲಿ ಎಕರೆಗೆ ಒಂದು ಲಕ್ಷ ಮುಚ್ಚಿಟ್ಟರೆ ಪರಿಹಾರದಲ್ಲಿ ನಾಲ್ಕು ಲಕ್ಷ ಹೋಯ್ತು. ನಂದು ಹೋದ್ರೆ ನನ್ನ ಕರ್ಮ ಅನ್ನಬಹುದು. ಜಮೀನೇ ಮಾರದ ಪಕ್ಕದ ಹೊಲದ ಅಜ್ಜಿಗೂ ನನ್ನ ಪತ್ರದ ರೇಟೇ. ಆ ಅಜ್ಜಿ ಮುಖ ನೋಡೋಕೆ ಆಗ್ತಿಲ್ಲ.

ಹಂಗಂತ ಸರ್ಕಾರದ ತಪ್ಪಿಲ್ಲ ಅಂತಲ್ಲ. ಸ್ವಾಧೀನ ಶುರು ಮಾಡೋ ಮೊದಲು ಆ ಪ್ರದೇಶದ ನಿಜವಾದ ರೇಟು ನೋಡಿ ಬೆಲೆ ಪರಿಷ್ಕರಿಸೋ ಕ್ರಮ ತಗೋಬೇಕು ಅಂತ ಅದೇ 26ನೇ ಸೆಕ್ಷನ್ ಹೇಳ್ತದೆ. ನಿಜವಾದ ಮಾರುಕಟ್ಟೆ ಬೆಲೆ ತೋರಿಸದ ಪತ್ರವನ್ನ ಲೆಕ್ಕದಿಂದ ಬಿಡೋ ಅಧಿಕಾರವೂ ಇದೆ. ನಾವು ಸುಳ್ಳು ಬರೆಸಿದ್ವಿ, ಸುಳ್ಳು ಅಂತ ಗೊತ್ತಿದ್ದೂ ಅದನ್ನೇ ಅಳತೆಗೋಲು ಮಾಡಿಕೊಂಡವರು ಅವರು. ಪರಿಷ್ಕರಣೆ ಆಗದೆ ನೋಟಿಸು ಬಂದ್ರೆ ಊರೆಲ್ಲ ಸೇರಿ ಬರವಣಿಗೆಯಲ್ಲಿ ಕೇಳಬೇಕು. ಬಾಯಲ್ಲಿ ಜಗಳ ಆಡಿದ್ದು ಫೈಲಿಗೆ ಹೋಗಲ್ಲ.

ನಾಲೆ ಇನ್ನೂ ಮುಟ್ಟದ ಊರಿನವರು ಇಷ್ಟು ಮಾಡಿ:

1. ಮಾರಿದ್ರೆ, ಕೊಂಡ್ರೆ ಪೂರ್ತಿ ಬೆಲೆ ಬರೆಸಿ.
2. ಪಹಣಿಯಲ್ಲಿ ಬೆಳೆ ಕಾಲಂ ಸರಿ ಇದೆಯಾ ನೋಡಿ. ತೋಟ ಇದ್ದು ರಾಗಿ ಅಂತ ಇದ್ರೆ ಈಗಲೇ ತಿದ್ದಿಸಿ.
3. ಜಂಟಿ ಅಳತೆ ದಿನ ಹೊಲದಲ್ಲೇ ಇರಿ. ಮರ, ಬೋರು, ಪೈಪ್‌ಲೈನ್ ಎಣಿಸಿ ಬರೆಸಿ.
4. ಜಮೀನು ಎರಡು ತುಂಡಾದ್ರೆ ಅದರ ನಷ್ಟಕ್ಕೂ ಪರಿಹಾರ ಇದೆ, 28ನೇ ಸೆಕ್ಷನ್. ಕ್ಲೇಮಿನಲ್ಲಿ ಬೇರೆಯಾಗಿ ಕೇಳಿ.
5. ರೇಟು ಒಪ್ಪಿಗೆ ಇಲ್ಲಾಂದ್ರೆ ದುಡ್ಡು ತಗೊಳ್ಳುವಾಗ 'ಪ್ರತಿಭಟನೆಯೊಂದಿಗೆ ಪಡೆದಿದ್ದೇನೆ' ಅಂತ ಬರೆದೇ ಸಹಿ ಹಾಕಿ. ಹಂಗೆ ಬರೆಯದಿದ್ರೆ ಹೆಚ್ಚಿನ ಪರಿಹಾರಕ್ಕೆ ಅರ್ಜಿ ಹಾಕೋ ಹಕ್ಕೇ ಹೋಗ್ತದೆ. ಐತೀರ್ಪಿನ ದಿನ ನೀವು ಹಾಜರಿದ್ರೆ ಅವತ್ತಿಂದ 6 ವಾರದೊಳಗೆ ಅರ್ಜಿ ಕೊಡಬೇಕು.

ನಾನು ಕ್ಲೇಮು ಬರೆದು ಕೊಟ್ಟಿದ್ದೀನಿ. ನನ್ನ ಪತ್ರದ ಬೆಲೆ ನಿಜವಾದ ಬೆಲೆಯಲ್ಲ ಅಂತಾನೂ ಅದರಲ್ಲಿ ಬರೆದಿದ್ದೀನಿ. ದಂಡ ಹಾಕಿಯಾರು ಅಂತ ಮನೇಲಿ ಬೈದರು. ಹಾಕಲಿ, ಕಟ್ತೀನಿ. ಉಳಿದ ಏಳು ಪತ್ರದವರೂ ಬಂದು ಬರೆದುಕೊಟ್ಟರೆ ಅಜ್ಜಿಗೆ ನ್ಯಾಯದ ರೇಟು ಕೇಳೋಕೆ ಬಾಯಿ ಬರ್ತದೆ. ಅವರು ಯಾರು ಅಂತ ಊರಿಗೆ ಗೊತ್ತು, ನಾನು ಇಲ್ಲಿ ಬರೆಯಲ್ಲ. ಭಾನುವಾರ ಸಂಜೆ ಅರಳಿಕಟ್ಟೆ ಹತ್ರ ಸಿಗಿ, ಮಾತಾಡೋಣ.