ಬೆಕ್ಕಿಗೆ ವಾರಕ್ಕೊಮ್ಮೆ ಸ್ನಾನ ಬೇಕೇ? ನೀರಿಗೆ ಡೆಟಾಲ್ ಹಾಕಬಹುದೇ?

‘ಬೆಕ್ಕಿಗೆ ವಾರಕ್ಕೊಮ್ಮೆ ಸ್ನಾನ ಮಾಡಿಸಿ. ನೀರಿಗೆ ಒಂದು ಮುಚ್ಚಳ ಡೆಟಾಲ್ ಹಾಕಿ. ಹೆದರಿದರೆ ಕತ್ತಿನ ಹಿಂದಿನ ಚರ್ಮ ಹಿಡಿದುಕೊಳ್ಳಿ, ಸುಮ್ಮನಾಗುತ್ತದೆ.’ ಇಂಥ ಸಲಹೆಗಳನ್ನು ಕಾಳಜಿಯಿಂದಲೇ ಹಂಚುತ್ತಾರೆ. ಆದರೆ ಮೂರೂ ತಪ್ಪು. ಎರಡನೆಯದಂತೂ ಬೆಕ್ಕಿನ ಜೀವಕ್ಕೇ ಕುತ್ತು ತರಬಹುದು. ಒಂದೊಂದಾಗಿ ನೋಡೋಣ.

ವಾರಕ್ಕೊಮ್ಮೆ ಸ್ನಾನ ಬೇಕೇ?

ಆರೋಗ್ಯವಾಗಿರುವ, ಗಿಡ್ಡ ಕೂದಲಿನ ಬೆಕ್ಕಿಗೆ ಸಾಮಾನ್ಯವಾಗಿ ಸ್ನಾನವೇ ಬೇಕಿಲ್ಲ. ಅದರ ನಾಲಿಗೆಯ ಮೇಲಿನ ಸಣ್ಣ ಮುಳ್ಳುಗಳ ತುದಿ ಟೊಳ್ಳಾಗಿದ್ದು, ಎಂಜಲನ್ನು ಕೂದಲಿನ ಆಳಕ್ಕೆ ತಲುಪಿಸುತ್ತದೆ ಎಂದು 2018ರಲ್ಲಿ ಅಮೆರಿಕದ ಜಾರ್ಜಿಯಾ ಟೆಕ್ ಸಂಶೋಧಕರು ತೋರಿಸಿದ್ದಾರೆ. ಮೈಗೆ ಗ್ರೀಸ್ ಅಥವಾ ಬಣ್ಣ ಅಂಟಿದಾಗ, ವಯಸ್ಸಾಗಿ ಮೈ ನೆಕ್ಕಿಕೊಳ್ಳಲು ಆಗದಿದ್ದಾಗ, ಚರ್ಮದ ಸೋಂಕಿಗೆ ವೈದ್ಯರು ಔಷಧದ ಶಾಂಪೂ ಬರೆದಾಗ ಮಾತ್ರ ಸ್ನಾನ ಬೇಕಾಗಬಹುದು. ಸ್ವಲ್ಪ ಕೊಳೆಯಾಗಿದ್ದರೆ ಒದ್ದೆ ಬಟ್ಟೆಯಲ್ಲಿ ಒರೆಸಿದರೆ ಸಾಕು.

ಡೆಟಾಲ್ ಏಕೆ ಬೇಡ?

ಅದರಲ್ಲಿರುವ ಕ್ಲೋರೋಕ್ಸಿಲೆನಾಲ್ ಫೀನಾಲ್ ಜಾತಿಯ ರಾಸಾಯನಿಕ. ಇಂಥವನ್ನು ಹೊರಹಾಕಲು ನಮ್ಮ ಯಕೃತ್ತಿನಲ್ಲಿರುವ ವ್ಯವಸ್ಥೆ ಬೆಕ್ಕಿನಲ್ಲಿ ತೀರಾ ದುರ್ಬಲ. ಪ್ಯಾರಾಸಿಟಮಾಲ್ ಬೆಕ್ಕಿಗೆ ವಿಷವಾಗುವುದಕ್ಕೂ ಇದೇ ಮುಖ್ಯ ಕಾರಣ. ಸ್ನಾನವಾದ ಮೇಲೆ ಬೆಕ್ಕು ಮೈಯೆಲ್ಲ ನೆಕ್ಕಿಕೊಳ್ಳುತ್ತದೆ, ಹಾಗಾಗಿ ಮೈಗೆ ಹಚ್ಚಿದ್ದು ಹೊಟ್ಟೆಗೂ ಹೋಗುತ್ತದೆ. ನಾಯಿಯ ಉಣ್ಣೆಗೆ ಬಳಸುವ ಪರ್ಮೆಥ್ರಿನ್ ಇರುವ ಔಷಧವೂ ಬೇಡ. ಅದರಿಂದ ಬೆಕ್ಕಿಗೆ ನಡುಕ, ಫಿಟ್ಸ್ ಬಂದು ಸಾವೂ ಸಂಭವಿಸಬಹುದು. ಈಗಾಗಲೇ ಇಂಥದ್ದನ್ನು ಹಚ್ಚಿದ್ದರೆ ತಡಮಾಡದೆ ಪಶುವೈದ್ಯರಿಗೆ ಕರೆಮಾಡಿ.

ಕತ್ತು ಹಿಡಿದರೆ ಸುಮ್ಮನಾಗುತ್ತದೆಯೇ?

ತಾಯಿ ಬೆಕ್ಕು ಪುಟ್ಟ ಮರಿಯನ್ನು ಹಾಗೆ ಎತ್ತುವುದು ನಿಜ. ಆದರೆ ಬೆಳೆದ ಬೆಕ್ಕು ಹಾಗೆ ಹಿಡಿದಾಗ ಅಲ್ಲಾಡದಿದ್ದರೆ ಅದನ್ನು ನೆಮ್ಮದಿ ಎಂದುಕೊಳ್ಳಬೇಡಿ. ಹೆಚ್ಚಿನ ಸಲ ಅದು ಭಯದಿಂದ ಮರಗಟ್ಟಿರುತ್ತದೆ.

ಸ್ನಾನ ಮಾಡಿಸಲೇಬೇಕಾದರೆ ಹೀಗೆ ಮಾಡಿ

• ಹಿಂದಿನ ದಿನವೇ ಉಗುರಿನ ತುದಿ ಕತ್ತರಿಸಿ, ಕೂದಲು ಬಾಚಿ. ಖಾಲಿ ಟಬ್ಬಿನಲ್ಲಿ ಇಷ್ಟದ ತಿನಿಸು ಇಟ್ಟು ಅಭ್ಯಾಸ ಮಾಡಿಸಿ.
• ಬೆಕ್ಕನ್ನು ಕರೆತರುವ ಮೊದಲೇ ನೀರು ತುಂಬಿಸಿಡಿ. ನಲ್ಲಿಯ ಸದ್ದಿಗೂ ಅದು ಹೆದರಬಹುದು. ನಾಲ್ಕು ಬೆರಳಷ್ಟು ಉಗುರುಬೆಚ್ಚಗಿನ ನೀರು ಸಾಕು.
• ಕಾಲು ಜಾರದಂತೆ ತಳಕ್ಕೆ ಹಳೆಯ ಟವೆಲ್ ಹಾಸಿ. ಜಾರಿದರೆ ಬೆಕ್ಕು ಇನ್ನಷ್ಟು ಗಾಬರಿಯಾಗುತ್ತದೆ.
• ಮಗ್ಗಿನಿಂದ ಕತ್ತಿನಿಂದ ಹಿಂದಕ್ಕೆ ನಿಧಾನವಾಗಿ ನೀರು ಹಾಕಿ. ಮುಖವನ್ನು ಬಟ್ಟೆಯಲ್ಲಿ ಒರೆಸಿ, ಕಿವಿಗೆ ನೀರು ಹೋಗದಿರಲಿ.
• ಬೆಕ್ಕಿನ ಶಾಂಪೂ ಮಾತ್ರ ಬಳಸಿ, ಚೂರೂ ಉಳಿಯದಂತೆ ತೊಳೆಯಿರಿ. ಟವೆಲ್ಲಿನಲ್ಲಿ ಸುತ್ತಿ, ಒಣಗುವವರೆಗೂ ಬೆಚ್ಚಗಿಡಿ. ಹೇರ್ ಡ್ರೈಯರ್ ಬೇಡ.

ಕಿವಿ ಚಪ್ಪಟೆ ಮಾಡಿ ಗುರುಗುಟ್ಟಿದರೆ ಅಥವಾ ಬಾಯಿ ತೆರೆದು ಏದುಸಿರು ಬಿಟ್ಟರೆ ಅಲ್ಲಿಗೇ ನಿಲ್ಲಿಸಿ. ಏದುಸಿರು ಕಡಿಮೆಯಾಗದಿದ್ದರೆ ಪಶುವೈದ್ಯರಿಗೆ ತೋರಿಸಿ. ನಿಮ್ಮನ್ನು ಪರಚಿದರೆ ಅಥವಾ ಕಚ್ಚಿದರೆ ಗಾಯವನ್ನು 15 ನಿಮಿಷ ಸೋಪು ಹಚ್ಚಿ ಹರಿಯುವ ನೀರಿನಲ್ಲಿ ತೊಳೆದು, ಅದೇ ದಿನ ವೈದ್ಯರನ್ನು ಕಾಣಿ. ಬೆಕ್ಕಿನಿಂದಲೂ ರೇಬಿಸ್ ಹರಡುತ್ತದೆ.

ಡೆಟಾಲ್ ಸ್ನಾನದ ಸಂದೇಶ ನಿಮ್ಮ ಗುಂಪಿಗೂ ಬಂದಿದ್ದರೆ ಅದನ್ನು ಮುಂದಕ್ಕೆ ಕಳಿಸಬೇಡಿ. ಕಳಿಸಿದವರಿಗೂ ವಿಷಯ ತಿಳಿಸಿ. ಅವರ ಮನೆಯಲ್ಲೂ ಒಂದು ಬೆಕ್ಕು ಇರಬಹುದು.