ಇಟ್ಟಿಗೆಯ ಹೋಲಿಕೆ ಮತ್ತು ನಮ್ಮ ಜೀವಕೋಶದ ಪಾಠ

ಅಭ್ಯಾಸ ಬೋಧನೆ ಶುರುವಾಯಿತೆಂದರೆ ಜೀವವಿಜ್ಞಾನದ ಪ್ರಶಿಕ್ಷಣಾರ್ಥಿಗಳಲ್ಲಿ ಬಹಳಷ್ಟು ಜನ ಮೊದಲು ಆರಿಸಿಕೊಳ್ಳುವುದು ಜೀವಕೋಶದ ಪಾಠವನ್ನು. ಕಾರಣ ಸರಳ. ಥರ್ಮೋಕೋಲ್ ಮಾದರಿ ಪೇಟೆಯಲ್ಲಿ ಸಿದ್ಧವಾಗಿ ಸಿಗುತ್ತದೆ, ಚಾರ್ಟನ್ನು ಹಿಂದಿನ ಬ್ಯಾಚಿನವರು ಬಿಟ್ಟುಹೋಗಿರುತ್ತಾರೆ, ಭಾಗ ಗುರುತಿಸಿ ಹೆಸರಿಸುವ ಪ್ರಶ್ನೆಗಳಿಗೆ ಮಕ್ಕಳು ಥಟ್ಟನೆ ಕೈ ಎತ್ತುತ್ತಾರೆ. ವೀಕ್ಷಣಾ ಪುಸ್ತಕದಲ್ಲಿ ‘ವಿದ್ಯಾರ್ಥಿಗಳ ಸಹಭಾಗಿತ್ವ ಉತ್ತಮ’ ಎಂದು ಬರೆದು ಸಹಿ ಹಾಕುವುದು ನಮಗೂ ಸುಲಭ.

ಈ ಪಾಠಗಳ ಪೀಠಿಕೆ ಹೆಚ್ಚುಕಡಿಮೆ ಒಂದೇ. “ಗೋಡೆ ಯಾವುದರಿಂದ ಆಗಿದೆ?” “ಇಟ್ಟಿಗೆಯಿಂದ.” “ಹಾಗಾದರೆ ನಮ್ಮ ದೇಹ?” ಅಫಜಲಪುರ ತಾಲ್ಲೂಕಿನ ಸೊನ್ನದ ಕಡೆ ಈ ಪ್ರಶ್ನೆ ಕೇಳಿದರೆ ಮಕ್ಕಳು “ಕಲ್ಲು” ಎನ್ನುತ್ತಾರೆ, ಅವರ ಮನೆಗಳ ಗೋಡೆ ಕಲ್ಲಿನವು. ಪ್ರಶಿಕ್ಷಣಾರ್ಥಿ ಮಾತ್ರ ಪಾಠ ಯೋಜನೆಯಲ್ಲಿ ಬರೆದುಕೊಂಡಿರುವ ‘ಇಟ್ಟಿಗೆ’ ಎಂಬ ಉತ್ತರ ಬರುವ ತನಕ ಬಿಡುವುದಿಲ್ಲ.

ನನ್ನ ತಕರಾರು ಕಲ್ಲೋ ಇಟ್ಟಿಗೆಯೋ ಎಂಬುದರ ಬಗ್ಗೆ ಅಲ್ಲ. ಹೋಲಿಕೆ ನಿಂತುಹೋಗುವ ಜಾಗದ ಬಗ್ಗೆ. ಇಟ್ಟಿಗೆಗೆ ಪಕ್ಕದ ಇಟ್ಟಿಗೆ ಇದೆಯೆಂಬುದು ತಿಳಿಯುವುದಿಲ್ಲ. ನಡುವಿನ ಗಾರೆ ಒಣಗಿದ ಮೇಲೆ ಅದಕ್ಕೆ ಬೇರೆ ಕೆಲಸವಿಲ್ಲ. ಜೀವಕೋಶದ ವಿಷಯದಲ್ಲಿ ಈ ಎರಡು ಮಾತೂ ಸುಳ್ಳು. ನಾವು ಬಳಸಿಕೊಂಡು ಬಂದ 8ನೇ ತರಗತಿಯ ಪುಸ್ತಕ ಇಟ್ಟಿಗೆಯ ಹೋಲಿಕೆ ಕೊಟ್ಟ ಕೂಡಲೇ ಇಟ್ಟಿಗೆ ನಿರ್ಜೀವ, ಜೀವಕೋಶ ಸಜೀವ ಎಂದು ಎಚ್ಚರಿಸುತ್ತದೆ. ಪಾಠ ಯೋಜನೆಗೆ ಇಳಿಯುವುದು ಹೋಲಿಕೆ ಮಾತ್ರ, ಎಚ್ಚರಿಕೆ ಇಳಿಯುವುದಿಲ್ಲ. 1665ರಲ್ಲಿ ರಾಬರ್ಟ್ ಹುಕ್ ಕಾರ್ಕಿನ ತೆಳು ಪದರದಲ್ಲಿ ಕಂಡದ್ದು ಸತ್ತ ಕೋಶಗಳ ಖಾಲಿ ಗೋಡೆಗಳನ್ನು. ನಮ್ಮ ಪಾಠಗಳು ಇಂದಿಗೂ ಆ ಖಾಲಿ ಕೋಣೆಯ ಸುತ್ತಲೇ ಇವೆ, ಒಳಗೆ ಒಂದಿಷ್ಟು ಸಾಮಾನು ಜೋಡಿಸಿದ್ದೇವೆ ಅಷ್ಟೆ.

ಸೊನ್ನದ ಕಡೆಯ ಒಂದು ಪ್ರೌಢಶಾಲೆಯಲ್ಲಿ ಇಂಥದೇ ಪಾಠ ನೋಡುತ್ತ ಹಿಂದಿನ ಬೆಂಚಿನಲ್ಲಿ ಕೂತಿದ್ದೆ. 9ನೇ ತರಗತಿ, ‘ಅಂಗಾಂಶಗಳು’ ಅಧ್ಯಾಯ. ಮೊಣಕಾಲಿಗೆ ಹಳೆಯ ಗಾಯದ ಕಲೆ ಇದ್ದ ಹುಡುಗನೊಬ್ಬ ಎದ್ದು ಕೇಳಿದ: “ಟೀಚರ್ ರೀ, ಗಾಯ ಮಾಯ್ತಿರ್ತದಲ್ರೀ, ಇಲ್ಲಿಗೆ ಸಾಕು ಅಂತ ಚರ್ಮಕ್ಕ ಹ್ಯಾಂಗ ಗೊತ್ತಾಗ್ತದ್ರೀ?” ಪ್ರಶಿಕ್ಷಣಾರ್ಥಿ ಒಂದು ಕ್ಷಣ ತಡೆದು, “ಅದು ಮುಂದಿನ ತರಗತಿಯಲ್ಲಿ ಬರುತ್ತದೆ” ಎಂದು ಮುಂದಕ್ಕೆ ಹೋದಳು. ಅವಳನ್ನು ದೂರುವುದಿಲ್ಲ. 40 ನಿಮಿಷದ ಅವಧಿ, ಇನ್ನೂ ಎರಡು ಬೋಧನಾಂಶ ಬಾಕಿ, ಹಿಂದೆ ಅಂಕ ಹಾಕುವವರು ಕೂತಿದ್ದಾರೆ. ಆದರೆ ಆ ಅಧ್ಯಾಯದ ಅತ್ಯುತ್ತಮ ಪ್ರಶ್ನೆ ಅದೇ ಆಗಿತ್ತು. ಮುಂದಿನ ತರಗತಿಯಲ್ಲಿ ಅದಕ್ಕೆ ಉತ್ತರವೂ ಇಲ್ಲ. 10ನೇ ತರಗತಿಯ ‘ನಿಯಂತ್ರಣ ಮತ್ತು ಸಹಭಾಗಿತ್ವ’ ಅಧ್ಯಾಯದಲ್ಲಿ ನರ ಮತ್ತು ಹಾರ್ಮೋನುಗಳು ಬರುತ್ತವೆ, ಪಕ್ಕದ ಕೋಶದೊಡನೆ ಕೋಶದ ವ್ಯವಹಾರ ಬರುವುದಿಲ್ಲ.

ಉತ್ತರ ಅಷ್ಟೇನೂ ಕಷ್ಟದ್ದಲ್ಲ. ಚರ್ಮ ಹರಿದಾಗ ಮೊದಲು ಬರುವ ಕಿರುಬಿಲ್ಲೆಗಳು ರಕ್ತ ಹೆಪ್ಪುಗಟ್ಟಿಸುವುದರ ಜೊತೆಗೆ ಸುತ್ತಲಿನ ಕೋಶಗಳಿಗೆ ರಾಸಾಯನಿಕ ಸಂದೇಶಗಳನ್ನೂ ಬಿಡುತ್ತವೆ. ಸಂಯೋಜಕ ಅಂಗಾಂಶದ ನಾರುಕೋಶಗಳು ಆ ಸಂದೇಶ ಹಿಡಿದು ಗಾಯದೊಳಕ್ಕೆ ತೆವಳಿ ಬಂದು ಕೊಲಾಜನ್ ಎಂಬ ಪ್ರೋಟೀನಿನ ನಾರು ಹೆಣೆಯುತ್ತವೆ. ಗಾಯದ ಅಂಚಿನಲ್ಲಿರುವ ಚರ್ಮದ ಕೋಶಕ್ಕೆ ಒಂದು ಬದಿಯಲ್ಲಿ ನೆರೆಯವರಿಲ್ಲ. ಆ ಬದಿಗೆ ಅದು ಸರಿಯತೊಡಗುತ್ತದೆ. ಎದುರು ಅಂಚಿನಿಂದ ಬಂದ ಕೋಶ ಮುಟ್ಟಿದಾಗ ನಿಲ್ಲುತ್ತದೆ. ಹೀಗೆ ಮುಟ್ಟಿದಾಗ ಚಲನೆ ನಿಲ್ಲುವುದನ್ನು 1950ರ ದಶಕದಲ್ಲಿ ಮೈಕೆಲ್ ಅಬರ್‌ಕ್ರೋಂಬಿ ಗಾಜಿನ ಮೇಲೆ ಬೆಳೆಸಿದ ಕೋಶಗಳಲ್ಲಿ ತೋರಿಸಿದರು. ಗಾಯ ಮಾಯುವುದಕ್ಕೆ ಇನ್ನೂ ಹಲವು ಸಂಕೇತಗಳು ಸೇರುತ್ತವೆ, ನಿಜ. ಆದರೂ ಆ ಹುಡುಗನಿಗೆ “ಪಕ್ಕದವ ಸಿಕ್ಕಾಗ ಕೋಶ ನಿಲ್ಲುತ್ತದೆ” ಎಂಬಷ್ಟು ಹೇಳಿದ್ದರೆ ಸಾಕಿತ್ತು. ಹಾಗೆ ನಿಲ್ಲುವುದನ್ನು ಮರೆತ ಕೋಶಗಳ ಕಾಯಿಲೆಯೇ ಕ್ಯಾನ್ಸರ್ ಎಂಬಲ್ಲಿಗೆ ತರಗತಿ ತಾನಾಗಿ ಬರುತ್ತಿತ್ತು.

ದೂರದ ಕೋಶಗಳಿಗೆ ಹೋಗುವ ಸಂದೇಶಕ್ಕೆ ಸೊನ್ನದ ಮಕ್ಕಳ ಹತ್ತಿರ ಕಾರ್ಖಾನೆಯ ಚಾರ್ಟಿಗಿಂತ ಒಳ್ಳೆಯ ಉದಾಹರಣೆ ಇದೆ. ಮಹಾರಾಷ್ಟ್ರದ ಉಜನಿ ಜಲಾಶಯದಿಂದ ಭೀಮೆಗೆ ನೀರು ಬಿಟ್ಟಾಗ ಸೊನ್ನದ ಬ್ಯಾರೇಜಿಗೂ ನದಿದಂಡೆಯ ಊರುಗಳಿಗೂ ಮುನ್ಸೂಚನೆ ಬರುತ್ತದೆ. ಸುದ್ದಿ ಎಲ್ಲರ ಕಿವಿಗೂ ಬೀಳುತ್ತದೆ. ಬ್ಯಾರೇಜಿನವರು ಗೇಟು ಎತ್ತುತ್ತಾರೆ, ದಂಡೆಯ ಹೊಲದವರು ಪಂಪ್‌ಸೆಟ್ಟು ಮೇಲೆ ತರುತ್ತಾರೆ, ದಿಬ್ಬದ ಮೇಲಿನವರು ಸುಮ್ಮನಿರುತ್ತಾರೆ. 2020ರ ಅಕ್ಟೋಬರಿನ ಪ್ರವಾಹ ಕಂಡ ಮಕ್ಕಳಿಗೆ ಇದನ್ನು ವಿವರಿಸಬೇಕಿಲ್ಲ. ಹಾರ್ಮೋನು ರಕ್ತದಲ್ಲಿ ಎಲ್ಲ ಕಡೆಗೂ ಹೋಗುತ್ತದೆ, ಅದನ್ನು ಹಿಡಿಯುವ ಗ್ರಾಹಕ ಇರುವ ಕೋಶ ಮಾತ್ರ ಸ್ಪಂದಿಸುತ್ತದೆ, ಸ್ಪಂದಿಸುವ ಕೋಶಗಳೂ ಒಂದೇ ಸಂದೇಶಕ್ಕೆ ಬೇರೆ ಬೇರೆ ಕೆಲಸ ಮಾಡುತ್ತವೆ. ಈ ಹೋಲಿಕೆಗೂ ಮಿತಿ ಇದೆ: ಜನ ಸುದ್ದಿಯ ಅರ್ಥ ತಿಳಿದು ನಡೆಯುತ್ತಾರೆ, ಕೋಶದಲ್ಲಿ ನಡೆಯುವುದು ಅಣುವಿಗೆ ಅಣು ಹೊಂದಿಕೊಳ್ಳುವ ಕ್ರಿಯೆ. ಆ ಮಿತಿಯನ್ನೂ ಮಕ್ಕಳೇ ಹೇಳುವಂತೆ ಮಾಡಬೇಕು.

ಇನ್ನು ಗಾರೆಯ ವಿಷಯ. ಸಂಯೋಜಕ ಅಂಗಾಂಶದ ಕೋಶಗಳು ಮಾತೃಕೆಯಲ್ಲಿ ಹುದುಗಿರುತ್ತವೆ, ಅದು ರಕ್ತದಲ್ಲಿ ದ್ರವ, ಮೂಳೆಯಲ್ಲಿ ಗಟ್ಟಿ ಎಂದು 9ನೇ ತರಗತಿಯ ಪುಸ್ತಕ ಹೇಳುತ್ತದೆ. ನಮ್ಮವರು ಆ ವಾಕ್ಯವನ್ನು ಓದಿಸಿ ದಾಟುತ್ತಾರೆ. ನಾನು ಅಲ್ಲಿಯೇ ಒಂದು ಪೂರ್ತಿ ಅವಧಿ ನಿಲ್ಲಿಸುತ್ತೇನೆ.

ಮಾತೃಕೆಯನ್ನು ಕೋಶಗಳೇ ಮಾಡುತ್ತವೆ, ಒಡೆಯುತ್ತವೆ, ಮತ್ತೆ ಕಟ್ಟುತ್ತವೆ. ಅದರ ಮುಖ್ಯ ನಾರು ಕೊಲಾಜನ್. ಮೂರು ಎಳೆಗಳು ಹಗ್ಗದಂತೆ ಹೊಸೆದುಕೊಂಡ ಅದರ ರಚನೆಯನ್ನು 1954–55ರಲ್ಲಿ ಮುಂದಿಟ್ಟವರು ಮದ್ರಾಸಿನಲ್ಲಿದ್ದ ಜಿ. ಎನ್. ರಾಮಚಂದ್ರನ್ ಮತ್ತು ಗೋಪಿನಾಥ ಕಾರ್ತಾ. ರಾಮಚಂದ್ರನ್ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಸಿ. ವಿ. ರಾಮನ್ ಅವರ ವಿದ್ಯಾರ್ಥಿಯಾಗಿದ್ದವರು, ಮುಂದೆ ಅಲ್ಲಿಯೇ ಅಣು ಜೀವಭೌತ ವಿಭಾಗ ಕಟ್ಟಿದವರು. ಈ ಹೆಸರು ನಮ್ಮ ಪಾಠ ಯೋಜನೆಗಳಲ್ಲಿ ಒಮ್ಮೆಯೂ ಕಂಡಿಲ್ಲ.

ಕೊಲಾಜನ್ ಎಳೆಗಳು ಗಟ್ಟಿಯಾಗಿ ಹೊಸೆದುಕೊಳ್ಳಲು ಸಿ ಜೀವಸತ್ವ ಬೇಕು. ಸ್ಕರ್ವಿಯಲ್ಲಿ ವಸಡು ಸಡಿಲವಾಗಿ ರಕ್ತ ಒಸರುವುದು ಇದಕ್ಕೇ. 1740ರ ದಶಕದ ಆನ್ಸನ್ ನೌಕಾಯಾನದ ವೃತ್ತಾಂತದಲ್ಲಿ ಒಬ್ಬ ನಾವಿಕನ ಕಥೆ ಬರುತ್ತದೆ. ಸುಮಾರು 50 ವರ್ಷ ಹಿಂದೆ ಮಾಯ್ದಿದ್ದ ಯುದ್ಧದ ಗಾಯ ಸ್ಕರ್ವಿ ಬಂದಾಗ ಮತ್ತೆ ಬಾಯಿ ಬಿಟ್ಟಿತು. ಗಾರೆಯಾಗಿದ್ದರೆ ಹಾಗಾಗುತ್ತಿರಲಿಲ್ಲ. ಕಲೆಯ ಜಾಗದಲ್ಲಿ ಕೋಶಗಳು 50 ವರ್ಷವೂ ಹಳೆ ನಾರು ತೆಗೆದು ಹೊಸದು ಹಾಕುತ್ತಲೇ ಇದ್ದವು. ಮೊಣಕಾಲಿನ ಕಲೆ ತೋರಿಸಿದ ಹುಡುಗನಿಗೆ ಹೇಳಬೇಕಾದ ಕಥೆ ಇದು.

ಮಾತೃಕೆಯೂ ಕೋಶಕ್ಕೆ ತಿರುಗಿ ಹೇಳುತ್ತದೆ. ಕೋಶದ ಹೊರಪೊರೆಯಲ್ಲಿ ಇಂಟೆಗ್ರಿನ್ ಎಂಬ ಪ್ರೋಟೀನುಗಳಿವೆ. ಹೊರಗಿನ ತುದಿ ಮಾತೃಕೆಯ ನಾರು ಹಿಡಿದಿದ್ದರೆ, ಒಳಗಿನ ತುದಿ ಕೋಶದ ಒಳಹಂದರಕ್ಕೆ ಕಟ್ಟಿಕೊಂಡಿರುತ್ತದೆ. ಹೊರಗಿನ ಎಳೆತ ಒಳಗೆ ತಿಳಿಯುತ್ತದೆ. 2006ರಲ್ಲಿ ಅಮೆರಿಕದ ಎಂಗ್ಲರ್, ಡಿಷರ್ ಮತ್ತು ಸಂಗಡಿಗರು ಒಂದೇ ಬಗೆಯ ಕಾಂಡಕೋಶಗಳನ್ನು ಬೇರೆ ಬೇರೆ ಗಡಸುತನದ ಜೆಲ್ ಮೇಲೆ ಬೆಳೆಸಿದರು. ಮಿದುಳಿನಷ್ಟು ಮೆತ್ತಗಿನ ಜೆಲ್ ಮೇಲಿನವು ನರಕೋಶದ ಕಡೆಗೆ, ನಡುಮಟ್ಟದವು ಸ್ನಾಯುವಿನ ಕಡೆಗೆ, ಗಡಸಿನವು ಮೂಳೆಯ ಕಡೆಗೆ ವಾಲಿದವು.

ಈ ಪಾಠದಿಂದ ಹಳ್ಳಿಯ ಹುಡುಗನಿಗೆ ಏನಾಗಬೇಕು ಎಂದು ಸಹೋದ್ಯೋಗಿಗಳು ಕೇಳುತ್ತಾರೆ. ನನ್ನ ಉತ್ತರ ಶಾಲೆಯ ಕಾಂಪೌಂಡಿನ ಹೊರಗೆ ಬಿದ್ದಿರುವ ಗುಟ್ಕಾ ಚೀಟಿಗಳಲ್ಲಿದೆ. ಅಡಿಕೆ ಜಗಿಯುವವರ ಬಾಯಿ ಕ್ರಮೇಣ ತೆರೆಯದಂತಾಗುವ ರೋಗ ನಮ್ಮ ದೇಶದ ದಂತವೈದ್ಯರಿಗೆ ಹೊಸದಲ್ಲ. ಡಾ. ಎಸ್. ಜಿ. ಜೋಶಿ 1953ರಲ್ಲೇ ಇದನ್ನು ವರ್ಣಿಸಿದರು. ಕನ್ನಡದಲ್ಲಿ ಬಾಯಿಯ ಒಳಪೊರೆಯ ನಾರುಗಟ್ಟುವಿಕೆ ಎನ್ನಬಹುದು. ಇದು ಪೂರ್ತಿಯಾಗಿ ಕೋಶ ಮತ್ತು ಮಾತೃಕೆಯ ಕಾಯಿಲೆ. ಅಡಿಕೆಯ ಅರೆಕೋಲಿನ್ ಮತ್ತು ಪದೇ ಪದೇ ಆಗುವ ಉರಿಯಿಂದ ನಾರುಕೋಶಗಳಿಗೆ ‘ಗಾಯವಾಗಿದೆ, ನಾರು ಹಾಕು’ ಎಂಬ ಸಂಕೇತ ನಿಲ್ಲದೆ ಹೋಗುತ್ತಿರುತ್ತದೆ. ಅವು ಕೊಲಾಜನ್ ಹಾಕುತ್ತಲೇ ಇರುತ್ತವೆ. ಅಡಿಕೆಯ ಒಗರು ಆ ನಾರನ್ನು ಒಡೆಯಲಾಗದಂತೆ ಬಿಗಿಗೊಳಿಸುತ್ತದೆ, ಅದರಲ್ಲಿರುವ ತಾಮ್ರ ನಾರಿಗೆ ನಾರು ಬೆಸೆಯುವ ಕಿಣ್ವಕ್ಕೆ ನೆರವಾಗುತ್ತದೆ. ಕೆನ್ನೆಯ ಒಳಭಾಗ ಹಲಗೆಯಾಗುತ್ತದೆ. ಕಾರ ತಿಂದರೆ ಉರಿ, ಆಮೇಲೆ ಮೂರು ಬೆರಳು ಹೋಗುತ್ತಿದ್ದ ಬಾಯಿಗೆ ಒಂದು ಬೆರಳು ಹೋಗುವುದೂ ಕಷ್ಟ. ಚಟ ಬಿಟ್ಟರೂ ಬಿಗಿತ ಪೂರ್ತಿ ಹೋಗುವುದು ಅಪರೂಪ, ಕೆಲವರಲ್ಲಿ ಇದು ಕ್ಯಾನ್ಸರಿಗೆ ತಿರುಗುತ್ತದೆ.

2013ರಲ್ಲಿ ರಾಜ್ಯದಲ್ಲಿ ಗುಟ್ಕಾ ನಿಷೇಧವಾಯಿತು. ಪಾನ್ ಮಸಾಲೆ ಒಂದು ಚೀಟಿ, ತಂಬಾಕು ಇನ್ನೊಂದು ಚೀಟಿಯಾಗಿ ಅಂಗಡಿಗೆ ಮರಳಿದವು. ತಂಬಾಕು ಇಲ್ಲದ ಮಸಾಲೆಯಿಂದ ಏನೂ ಆಗದು ಎಂಬ ನಂಬಿಕೆ ಹುಡುಗರಲ್ಲಿ ಗಟ್ಟಿಯಾಗಿದೆ. ನಾರುಗಟ್ಟುವ ರೋಗಕ್ಕೆ ಅಡಿಕೆಯೊಂದೇ ಸಾಕು. ಇದನ್ನು ನೀತಿಪಾಠದಲ್ಲಿ ಹೇಳಿದರೆ ಅವರು ಕೇಳುವುದಿಲ್ಲ, ಪ್ರಾರ್ಥನಾ ಸಭೆಯಲ್ಲಿ ಸಾಕಷ್ಟು ಕೇಳಿದ್ದಾರೆ. ಕೋಶ ಏನು ಮಾಡುತ್ತದೆ ಎಂದು ವಿಜ್ಞಾನದ ಅವಧಿಯಲ್ಲಿ ತೋರಿಸಿದರೆ ಕೇಳಬಹುದು. ಒಂದು ಎಚ್ಚರ: ತರಗತಿಯಲ್ಲಿ ಮಕ್ಕಳ ಬಾಯಿ ತೆರೆಸಿ ಬೆರಳು ಅಳೆಸುವ ‘ಚಟುವಟಿಕೆ’ ಬೇಡ. ಯಾರ ಬಾಯಿ ಎಷ್ಟು ತೆರೆಯುತ್ತದೆ ಎಂಬುದು ಇಡೀ ತರಗತಿಗೆ ತಿಳಿಯಬೇಕಾದ ವಿಷಯವಲ್ಲ.

ಉಪಕರಣಕ್ಕೆ ಥರ್ಮೋಕೋಲ್ ಬೇಕಿಲ್ಲ. ಕೋಳಿಯ ಕಾಲಿನ ಎಲುಬನ್ನು ತೊಳೆದು ವಿನೆಗರಿನಲ್ಲಿ ಐದಾರು ದಿನ, ನಡುವೆ ಒಮ್ಮೆ ವಿನೆಗರ್ ಬದಲಿಸಿ, ಇಟ್ಟರೆ ಸುಣ್ಣದ ಅಂಶ ಕರಗಿ ಎಲುಬು ಬಾಗುತ್ತದೆ. ಉಳಿದದ್ದು ಬಹುಮಟ್ಟಿಗೆ ಕೊಲಾಜನ್. ಇನ್ನೊಂದು ಎಲುಬನ್ನು ಒಲೆಯಲ್ಲಿ ಸುಟ್ಟರೆ ಕೊಲಾಜನ್ ಹೋಗಿ, ಒತ್ತಿದರೆ ಪುಡಿಯಾಗುತ್ತದೆ. ಶಾಲೆಗೆ ಎಲುಬು ತರುವುದಕ್ಕೆ ಕೆಲವೆಡೆ ಆಕ್ಷೇಪ ಬರುತ್ತದೆ. ಮುಖ್ಯೋಪಾಧ್ಯಾಯರನ್ನು ಮೊದಲೇ ಕೇಳಿ ಎಂದು ಪ್ರಶಿಕ್ಷಣಾರ್ಥಿಗಳಿಗೆ ಹೇಳುತ್ತೇನೆ.

ಆಕ್ಷೇಪವೇ ಬಾರದ ಉದಾಹರಣೆ ತೊಗರಿ. ತೊಗರಿಯ ಬೇರು ಮಣ್ಣಿಗೆ ಬಿಡುವ ರಾಸಾಯನಿಕವನ್ನು ರೈಜೋಬಿಯಂ ಗುಂಪಿನ ಬ್ಯಾಕ್ಟೀರಿಯಾ ಗುರುತಿಸಿ ತನ್ನದೊಂದು ಸಂಕೇತ ಕಳಿಸುತ್ತದೆ. ಬೇರುರೋಮ ಸುರುಳಿಯಾಗಿ ಅದನ್ನು ಒಳಗೆ ಕರೆದುಕೊಳ್ಳುತ್ತದೆ, ಗಂಟು ಬೆಳೆಯುತ್ತದೆ. ಆಗಸ್ಟಿನಲ್ಲಿ ಗಿಡ ಕೀಳಬಾರದು, ಎರೆಮಣ್ಣಿನಲ್ಲಿ ಗಂಟು ಹರಿದು ಉಳಿದುಬಿಡುತ್ತವೆ. ಗುದ್ದಲಿಯಿಂದ ಹೆಂಟೆ ಸಮೇತ ತೆಗೆದು ಬಕೆಟಿನ ನೀರಿನಲ್ಲಿ ನೆನೆಸಿ ಬಿಡಿಸಬೇಕು. ಗಂಟು ಸೀಳಿದಾಗ ಒಳಗೆ ನಸುಗೆಂಪು ಕಂಡರೆ ಅದು ಕೆಲಸ ಮಾಡುತ್ತಿದೆ. ಸುಗ್ಗಿಯ ಹೊತ್ತಿಗೆ ಏನೂ ಕಾಣದು, ಆದ್ದರಿಂದ ಇದನ್ನು ಇಂಟರ್ನ್‌ಶಿಪ್ಪಿನ ತಿಂಗಳು ನೋಡಿಕೊಂಡು ಯೋಜಿಸಬೇಕು.

ಪಠ್ಯ ಮುಗಿಯುವುದಿಲ್ಲ, ಪರೀಕ್ಷೆಗೆ ಬರುವುದಿಲ್ಲ ಎಂಬ ಮಾತು ಗೊತ್ತಿದೆ. ಇಂಟೆಗ್ರಿನ್, ಅರೆಕೋಲಿನ್ ಮುಂತಾದ ಹೆಸರುಗಳನ್ನು ಕಪ್ಪುಹಲಗೆಯ ಮೇಲೆ ಬರೆಸಿ ಕಂಠಪಾಠ ಮಾಡಿಸುವುದಾದರೆ ಈ ಪಾಠವೇ ಬೇಡ. ನಾನು ಕೇಳುವುದು ಎರಡು ಸಣ್ಣ ಬದಲಾವಣೆ. ಜೀವಕೋಶದ ಪ್ರತಿ ಪಾಠ ಯೋಜನೆಯಲ್ಲಿ ‘ಈ ಕೋಶಕ್ಕೆ ಪಕ್ಕದ ಕೋಶದಿಂದ, ಸುತ್ತಲಿನ ಮಾತೃಕೆಯಿಂದ ಏನು ತಿಳಿಯುತ್ತದೆ?’ ಎಂಬ ಒಂದು ಪ್ರಶ್ನೆ ಇರಲಿ. ನಮ್ಮ ವೀಕ್ಷಣಾ ನಮೂನೆಯಲ್ಲಿ ಧ್ವನಿ, ಕಪ್ಪುಹಲಗೆ ಬಳಕೆ, ಪುನರ್ಬಲನಕ್ಕೆಲ್ಲ ಅಂಕಗಳಿವೆ. ವಿದ್ಯಾರ್ಥಿ ತಾನಾಗಿ ಕೇಳಿದ ಪ್ರಶ್ನೆಯನ್ನು ಪ್ರಶಿಕ್ಷಣಾರ್ಥಿ ಹೇಗೆ ಎತ್ತಿಕೊಂಡರು ಎಂಬುದಕ್ಕೂ ಒಂದು ಸಾಲು ಸೇರಲಿ. ‘ನಾಳೆ ನೋಡಿಕೊಂಡು ಬಂದು ಹೇಳುತ್ತೇನೆ’ ಎಂದು ಹೇಳಿ ಮರುದಿನ ನಿಜವಾಗಿ ಬಂದು ಹೇಳಿದವರಿಗೂ ಆ ಸಾಲಿನಲ್ಲಿ ಪೂರ್ಣ ಅಂಕ ಕೊಡಬೇಕು.